ಗಡ್ಡದ ಓತಿಯ ನಾಲಗೆ: ಪ್ರಾಣಿಗಳ ನಡತೆಯನ್ನು ಕುರಿತ ಒಂದು ಪಾಠ

ಮನುಷ್ಯನು ತಾನು ಸಾಕಿಕೊಂಡ ಪ್ರಾಣಿಗಳ ನಡತೆಗೆ ತನ್ನ ಮನಸ್ಸಿನ ಅರ್ಥವನ್ನೇ ಹಚ್ಚುವುದು ಬಹು ಹಳೆಯ ವಾಡಿಕೆ. ನಾಯಿಯು ಬಾಲವಾಡಿಸಿದರೆ ಅದಕ್ಕೆ ಸಂತೋಷವಾಯಿತೆನ್ನುವೆವು. ಬೆಕ್ಕು ಕಾಲಿಗೆ ಮೈಯುಜ್ಜಿದರೆ ಸಲಿಗೆಯೆನ್ನುವೆವು. ಹಸುವು ಈದ ಕೂಡಲೆ ಕರುವನ್ನು ತಲೆಯಿಂದ ಬಾಲದವರೆಗೆ ನೆಕ್ಕುವುದನ್ನು ಕಂಡು, ತಾಯ್ಕರುಳೆಂದರೆ ಇದೇ ಎನ್ನುವೆವು. ಈ ಸಂಗತಿಗಳಲ್ಲಿ ನಮ್ಮ ಊಹೆಯು ಬಹುಮಟ್ಟಿಗೆ ಸರಿಯಾಗಿಯೇ ಇರುವುದು. ಏಕೆಂದರೆ ಇವೆಲ್ಲವೂ ನಮ್ಮಂತೆ ಮರಿಗೆ ಹಾಲೂಡಿ ಬೆಳೆಸುವ ಪ್ರಾಣಿಗಳು. ಆದರೆ ಇದೇ ಅಳತೆಗೋಲನ್ನು ಬೇರೊಂದು ಕುಲದ ಜೀವಿಗೆ ಹಿಡಿಯಬಹುದೋ? ಈ ಪ್ರಶ್ನೆಯನ್ನು ಒಂದು ಸಣ್ಣ ಉದಾಹರಣೆಯ ಮೂಲಕ ವಿಚಾರಿಸೋಣ.

ನಮ್ಮ ಹಳೆಯ ವಿದ್ಯಾರ್ಥಿನಿಯರಲ್ಲಿ ಕೆಲವರು ಈಗ ಆಸ್ಟ್ರೇಲಿಯಾ, ಇಂಗ್ಲೆಂಡು, ಅಮೇರಿಕಾ ಮೊದಲಾದ ದೇಶಗಳಲ್ಲಿ ಸಂಸಾರ ಹೂಡಿರುವರು. ಅಲ್ಲಿಯ ಮನೆಗಳಲ್ಲಿ ನಾಯಿ ಬೆಕ್ಕುಗಳಂತೆ ಓತಿಯ ಜಾತಿಯ ಒಂದು ಪ್ರಾಣಿಯನ್ನು ಸಾಕುವ ರೂಢಿಯುಂಟು. ಅದನ್ನು ‘ಬಿಯರ್ಡೆಡ್ ಡ್ರ್ಯಾಗನ್’ ಎಂದು ಕರೆಯುವರು. ಈ ಲೇಖನದಲ್ಲಿ ನಾವು ಅದನ್ನು ‘ಗಡ್ಡದ ಓತಿ’ ಎಂದು ಕರೆಯುವೆವು. ಇದನ್ನು ಸಾಕಿದ ಮಗುವು ಒಂದಲ್ಲ ಒಂದು ದಿನ ತಾಯಿಯ ಬಳಿಗೆ ಓಡಿಬಂದು, “ಅಮ್ಮಾ, ಇದು ನನ್ನ ಕೈಯನ್ನು ನೆಕ್ಕಿತು! ನನ್ನ ಮೇಲೆ ಇದಕ್ಕೆ ಪ್ರೀತಿಯೇ?” ಎಂದು ಕೇಳದಿರದು. ಆಗ ತಾಯಿಯು ಕೊಡತಕ್ಕ ಉತ್ತರವೇನು? ಪ್ರಶ್ನೆಯು ಮಗುವಿನದಾದರೂ, ಪ್ರಾಣಿಯ ಕ್ಷೇಮವೂ ಮಗುವಿನ ಆರೋಗ್ಯವೂ ಆ ಉತ್ತರವನ್ನು ಅವಲಂಬಿಸಿರುವುವು.

1. ಪ್ರಾಣಿಯ ಪರಿಚಯ

ಗಡ್ಡದ ಓತಿಯ ತವರು ಆಸ್ಟ್ರೇಲಿಯಾ. ಅಲ್ಲಿ ಇದರ ಹಲವು ಜಾತಿಗಳಿವೆ. ಮನೆಗಳಲ್ಲಿ ಹೆಚ್ಚಾಗಿ ಸಾಕುವುದು ಆ ಖಂಡದ ನಡುವಣ ಮತ್ತು ಪೂರ್ವದ ಒಣನಾಡುಗಳಲ್ಲಿ ಬಾಳುವ ಜಾತಿಯನ್ನು. ಜರ್ಮನಿಯ ಪ್ರಾಣಿಶಾಸ್ತ್ರಜ್ಞ ಅರ್ನ್ಸ್ಟ್ ಆಲ್ ಎಂಬವರು 1926ರಲ್ಲಿ ಇದನ್ನು ಮೊದಲು ವರ್ಣಿಸಿದರು. ಇದರ ಈಗಿನ ಶಾಸ್ತ್ರೀಯ ನಾಮವು ‘ಪೊಗೋನಾ ವಿಟ್ಟಿಸೆಪ್ಸ್’. ಗ್ರೀಕ್ ಭಾಷೆಯಲ್ಲಿ ‘ಪೊಗೋನ್’ ಎಂದರೆ ಗಡ್ಡ. ಗಂಟಲಿನ ಕೆಳಗೆ ಮುಳ್ಳುಮುಳ್ಳಾದ ಹುರುಪೆಗಳಿಂದ ಕೂಡಿದ ಸಡಿಲವಾದ ಚರ್ಮವಿರುವುದು. ಹೆದರಿದಾಗಲೂ ಎದುರಾಳಿಯನ್ನು ಹೆದರಿಸಬೇಕಾದಾಗಲೂ ಅದನ್ನು ಉಬ್ಬಿಸಿ ಕಪ್ಪಾಗಿಸಿಕೊಳ್ಳುವುದು. ಆಗ ಅದು ಗಡ್ಡ ಬಿಟ್ಟ ಮುಖದಂತೆ ಕಾಣುವುದರಿಂದ ಈ ಹೆಸರು. ಪೂರ್ಣವಾಗಿ ಬೆಳೆದ ಪ್ರಾಣಿಯು ಬಾಲವೂ ಸೇರಿ ಸುಮಾರು 45ರಿಂದ 60 ಸೆಂಟಿಮೀಟರ್ ಉದ್ದವಾಗುವುದು. ಚೆನ್ನಾಗಿ ಸಾಕಿದರೆ ಹತ್ತು ವರ್ಷಗಳಷ್ಟು ಕಾಲ ಬಾಳಬಲ್ಲದು. ಮರಿಯಾಗಿರುವಾಗ ಹೆಚ್ಚಾಗಿ ಹುಳುಹುಪ್ಪಟೆಗಳನ್ನೂ, ಬೆಳೆದ ಮೇಲೆ ಸೊಪ್ಪು ಹೂವುಗಳನ್ನೂ ಅವುಗಳೊಡನೆ ಹುಳುಗಳನ್ನೂ ತಿನ್ನುವುದು.

ನಮ್ಮ ಬೇಲಿಗಳ ಮೇಲೆ ಬಿಸಿಲು ಕಾಯುತ್ತಾ ತಲೆಯಾಡಿಸುವ ಓತಿಕೇತನನ್ನು ನೋಡದವರಾರು? ಆ ಓತಿಯೂ ಆಸ್ಟ್ರೇಲಿಯಾದ ಈ ಓತಿಯೂ ಪ್ರಾಣಿಶಾಸ್ತ್ರದಲ್ಲಿ ‘ಅಗಾಮಿಡೆ’ ಎಂಬ ಒಂದೇ ಕುಟುಂಬಕ್ಕೆ ಸೇರಿದವು. ಮಲೆನಾಡಿನ ಅಡಿಕೆ ತೋಟಗಳಲ್ಲಿ ಮರದಿಂದ ಮರಕ್ಕೆ ತೇಲುವ ಹಾರುವ ಓತಿಯೂ ಅದೇ ಕುಟುಂಬದ್ದು. ಆದಕಾರಣ ಆ ದೂರದ ಪ್ರಾಣಿಯನ್ನು ಎಂದೂ ಕಾಣದ ನಮ್ಮ ವಾಚಕರಿಗೂ ಈ ಪಾಠವು ತೀರ ಅಪರಿಚಿತವಾಗಲಾರದು.

2. ನಾಲಗೆಯೊಂದು, ಕೆಲಸ ಹಲವು

ನಮಗೆ ನಾಲಗೆಯೆಂದರೆ ರುಚಿ ಮತ್ತು ಮಾತು. ಹಲ್ಲಿ, ಓತಿ, ಉಡ, ಹಾವುಗಳ ವರ್ಗದಲ್ಲಾದರೋ ನಾಲಗೆಯು ಒಂದೊಂದು ಕುಟುಂಬದಲ್ಲಿ ಒಂದೊಂದು ಕಸುಬನ್ನು ಕಲಿತುಕೊಂಡಿದೆ. ನಮ್ಮ ಗೋಡೆಯ ಹಲ್ಲಿಗೆ ಮುಚ್ಚಿ ತೆರೆಯುವ ರೆಪ್ಪೆಗಳಿಲ್ಲ. ಆದುದರಿಂದ ಕಣ್ಣಿನ ಮೇಲೆ ಕುಳಿತ ಧೂಳನ್ನು ಅದು ನಾಲಗೆಯಿಂದಲೇ ಒರೆಸಿಕೊಳ್ಳುವುದು. ಗೋಸುಂಬೆಯು ತನ್ನ ಮೈಗಿಂತಲೂ ಉದ್ದವಾದ ನಾಲಗೆಯನ್ನು ಬಾಣದಂತೆ ಎಸೆದು ನೊಣವನ್ನು ಹಿಡಿಯುವುದು. ಉಡದ ಮತ್ತು ಹಾವಿನ ನಾಲಗೆಯು ತುದಿಯಲ್ಲಿ ಸೀಳಿ ಎರಡಾಗಿದ್ದು, ಗಾಳಿಯಲ್ಲಿಯೂ ನೆಲದ ಮೇಲೆಯೂ ಇರುವ ವಾಸನೆಯ ಕಣಗಳನ್ನು ಎಡಬಲಗಳಿಂದ ಬೇರೆಬೇರೆಯಾಗಿ ತರುವುದು. ಯಾವ ಕಡೆ ವಾಸನೆ ಗಾಢವೋ ಆ ಕಡೆಗೆ ಪ್ರಾಣಿಯು ತಿರುಗುವುದು. ಹೀಗೆ ಅದು ಬೇಟೆಯ ಜಾಡನ್ನು ಹಿಡಿಯುವುದೆಂದು ಅಮೇರಿಕಾದ ಪ್ರಾಣಿಶಾಸ್ತ್ರಜ್ಞ ಕರ್ಟ್ ಶ್ವೆಂಕ್ ಎಂಬವರು 1994ರಲ್ಲಿ ವಿವರಿಸಿದರು. ಹಾವು ನಾಲಗೆ ಚಾಚಿದರೆ ಕಚ್ಚುವುದಕ್ಕೆ ಬಂತೆಂದು ಹೆದರುವವರು ಇದನ್ನು ನೆನಪಿನಲ್ಲಿಡತಕ್ಕದ್ದು: ಆ ಕ್ಷಣದಲ್ಲಿ ಅದು ತನ್ನ ಸುತ್ತಲನ್ನು ಮೂಸಿ ನೋಡುತ್ತಿರುವುದು, ಅಷ್ಟೇ.

ಗಡ್ಡದ ಓತಿಯ ನಾಲಗೆಯು ಹಾವಿನದರಂತೆ ಸಪೂರವಾದುದಲ್ಲ, ಗೋಸುಂಬೆಯದರಂತೆ ಉದ್ದವಾದುದೂ ಅಲ್ಲ. ಅದು ಗಿಡ್ಡವಾಗಿಯೂ ದಪ್ಪವಾಗಿಯೂ ಮಾಂಸಲವಾಗಿಯೂ ಇರುವುದು. ಮೇಲ್ಮೈಯಲ್ಲಿ ಸಣ್ಣ ಸಣ್ಣ ಮೊಳೆಗಳೂ ಅವುಗಳ ಮೇಲೆ ಅಂಟಾದ ಲೋಳೆಯೂ ಇವೆ. ಇದರ ಮೊದಲ ಕೆಲಸವು ಬೇಟೆ ಹಿಡಿಯುವುದು. ಹುಳುವನ್ನು ಕಂಡ ಕೂಡಲೆ ಓತಿಯು ಮುಂದಕ್ಕೆ ನುಗ್ಗಿ, ನಾಲಗೆಯನ್ನು ತುಟಿಯ ಆಚೆಗೆ ಚಾಚಿ, ಹುಳುವನ್ನು ಅದಕ್ಕೆ ಅಂಟಿಸಿಕೊಂಡು ಒಳಗೆಳೆದುಕೊಳ್ಳುವುದು. ಇದೆಲ್ಲವೂ ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿಯುವುದು. ಎರಡನೆಯ ಕೆಲಸವೇ ನಮ್ಮ ಪಾಠದ ವಿಷಯವಾದ ನೆಕ್ಕುವಿಕೆ. ಇದರಲ್ಲಿ ಅವಸರವಿಲ್ಲ. ಪ್ರಾಣಿಯು ತಲೆಯನ್ನು ತಗ್ಗಿಸಿ, ನಾಲಗೆಯ ತುದಿಯನ್ನು ನೆಲಕ್ಕೋ ಕಲ್ಲಿಗೋ ನಮ್ಮ ಬೆರಳಿಗೋ ಮೆಲ್ಲಗೆ ಮುಟ್ಟಿಸಿ, ಹಿಂದಕ್ಕೆಳೆದುಕೊಂಡು, ಒಂದು ಕ್ಷಣ ಯೋಚಿಸುವುದರಂತೆ ನಿಲ್ಲುವುದು.

3. ಬಾಯಿಯ ಅಂಗುಳಿನಲ್ಲಿರುವ ಮೂಗು

ಆ ಒಂದು ಕ್ಷಣದಲ್ಲಿ ಬಾಯೊಳಗೆ ಏನು ನಡೆಯುವುದು? ಡೆನ್ಮಾರ್ಕಿನ ಅಂಗರಚನಾಶಾಸ್ತ್ರಜ್ಞ ಲುದ್ವಿಗ್ ಜೇಕಬ್ಸನ್ ಎಂಬವರು 1811ರಲ್ಲಿ ಸಾಕುಪ್ರಾಣಿಗಳ ಮೂಗಿನೊಳಗಿರುವ ಒಂದು ಚಿಕ್ಕ ಇಂದ್ರಿಯವನ್ನು ವಿವರವಾಗಿ ವರ್ಣಿಸಿದರು. ಇಂದಿಗೂ ಅದನ್ನು ಜೇಕಬ್ಸನ್ನರ ಇಂದ್ರಿಯವೆಂದೇ ಕರೆಯುವರು. ಇದು ಮೂಗಿಗೆ ಜೊತೆಗೂಡಿದ ಎರಡನೆಯ ಮೂಗು ಎನ್ನಬಹುದು. ಹೋರಿಯಾಗಲಿ ಹೋತವಾಗಲಿ ಒಮ್ಮೊಮ್ಮೆ ಕುತ್ತಿಗೆಯನ್ನೆತ್ತಿ ಮೇಲ್ದುಟಿಯನ್ನು ಮಡಿಚಿಕೊಂಡು ನಕ್ಕಂತೆ ನಿಲ್ಲುವುದನ್ನು ಹಳ್ಳಿಯವರೆಲ್ಲರೂ ನೋಡಿರುವರು. ಅದು ಈ ಇಂದ್ರಿಯಕ್ಕೆ ವಾಸನೆಯನ್ನು ಮುಟ್ಟಿಸುವ ಉಪಾಯವೇ ಆಗಿದೆ.

ಹಲ್ಲಿ ಹಾವುಗಳಲ್ಲಿ ಈ ಇಂದ್ರಿಯದ ಬಾಗಿಲು ಬಾಯಿಯ ಮೇಲಣ ಅಂಗುಳಿನಲ್ಲಿ ತೆರೆದಿರುವುದು. ನಾಲಗೆಯು ಹೊರಗಿನ ವಸ್ತುವನ್ನು ಮುಟ್ಟಿ ಅದರ ಅತಿ ಸೂಕ್ಷ್ಮವಾದ ಕಣಗಳನ್ನು ಬಾಯೊಳಗೆ ತರುವುದು. ಅವು ಆ ಬಾಗಿಲನ್ನು ಸೇರಿದ ಮೇಲೆ ಅಲ್ಲಿಯ ನರಗಳು ಮಿದುಳಿಗೆ ಸುದ್ದಿ ಕಳುಹಿಸುವುವು. ಹೀಗಿರುವಲ್ಲಿ ನಾಲಗೆಯನ್ನು ಅಂಚೆಯವನಿಗೆ ಹೋಲಿಸಬಹುದು. ಕಾಗದವನ್ನು ತರುವವನು ಅವನು, ಓದುವವರು ಮನೆಯೊಳಗಿರುವರು.

ಓತಿಯ ಕುಟುಂಬದಲ್ಲಿ ಈ ಇಂದ್ರಿಯವು ಹಾವು ಉಡಗಳಲ್ಲಿರುವಷ್ಟು ಬಲವಾದುದಲ್ಲ. ಹುಳುಗಳನ್ನು ಹೊಂಚಿ ಹಿಡಿಯುವ ಓತಿಗಳಿಗೆ ಕಣ್ಣೇ ಪ್ರಧಾನ. ಆದರೆ ಗಡ್ಡದ ಓತಿಯು ಸೊಪ್ಪನ್ನೂ ತಿನ್ನುವ ಪ್ರಾಣಿಯಷ್ಟೆ? ಹುಳುವಾದರೆ ಓಡಾಡಿ ತಾನು ಆಹಾರವೆಂಬುದನ್ನು ಕಣ್ಣಿಗೆ ತೋರಿಸಿಕೊಡುವುದು. ಎಲೆಯು ಸುಮ್ಮನೆ ಇರುವುದು. ಒಳ್ಳೆಯ ಎಲೆ ಯಾವುದು, ಕಹಿಯೆಲೆ ಯಾವುದು ಎಂಬುದನ್ನು ತಿಳಿಯಲು ಕಣ್ಣೊಂದೇ ಸಾಲದು. ಅಮೇರಿಕಾದ ವಿಲಿಯಮ್ ಕೂಪರ್ ಎಂಬ ಶಾಸ್ತ್ರಜ್ಞರು 2000ದಲ್ಲಿ ಇದನ್ನು ಪರೀಕ್ಷೆಯಿಂದ ತೋರಿಸಿಕೊಟ್ಟರು. ತುದಿಗೆ ಹತ್ತಿ ಸುತ್ತಿದ ಕಡ್ಡಿಗಳಿಗೆ ಹುಳುವಿನ ವಾಸನೆಯನ್ನೂ ಸೊಪ್ಪಿನ ವಾಸನೆಯನ್ನೂ ಹಚ್ಚಿ, ಬರಿಯ ನೀರಿನಲ್ಲಿ ಅದ್ದಿದ ಕಡ್ಡಿಯನ್ನೂ ಜೊತೆಗಿಟ್ಟುಕೊಂಡು, ಒಂದೊಂದಾಗಿ ಗಡ್ಡದ ಓತಿಯ ಮೂತಿಯ ಮುಂದೆ ಹಿಡಿಯುವುದೇ ಆ ಪರೀಕ್ಷೆಯ ಕ್ರಮ. ಕಡ್ಡಿಗಳೆಲ್ಲವೂ ಕಣ್ಣಿಗೆ ಒಂದೇ. ಆದರೂ ಆಹಾರದ ವಾಸನೆಯುಳ್ಳ ಕಡ್ಡಿಗಳನ್ನು ಪ್ರಾಣಿಗಳು ನಾಲಗೆಯಿಂದ ಗುರುತಿಸಿ ಕಚ್ಚಲು ಮುಂದಾದುವು. ನೆಕ್ಕುವುದು ಅದಕ್ಕೆ ವಿಚಾರಣೆಯೇ ಹೊರತು ಬರಿಯ ಚಾಳಿಯಲ್ಲವೆಂಬುದು ಇದರಿಂದ ಸ್ಪಷ್ಟವಾಗುವುದು.

4. ನೆಕ್ಕುವ ಸಂದರ್ಭಗಳು

ಗಡ್ಡದ ಓತಿಯು ನೆಕ್ಕುವ ಮುಖ್ಯವಾದ ಸಂದರ್ಭಗಳು ಯಾವುವೆಂದರೆ:

ಮೊದಲನೆಯದು ಹೊಸ ಸ್ಥಳ. ಪ್ರಾಣಿಯನ್ನು ಅದರ ಗಾಜಿನ ಪೆಟ್ಟಿಗೆಯಿಂದ ತೆಗೆದು ನೆಲದ ಮೇಲೆ ಬಿಟ್ಟರೆ, ಅದು ನಾಲ್ಕು ಹೆಜ್ಜೆಗೊಮ್ಮೆ ನೆಲವನ್ನು ಮುಟ್ಟಿ ನೋಡುತ್ತಾ ಸಾಗುವುದು. ಪೆಟ್ಟಿಗೆಯಲ್ಲಿ ಹೊಸ ಕಲ್ಲನ್ನೋ ಕೊಂಬೆಯನ್ನೋ ಇಟ್ಟರೂ ಹಾಗೆಯೇ. ಹೊಸ ಮನೆಗೆ ಹೋದವರು ಬಾಗಿಲು ಕಿಟಕಿಗಳನ್ನು ತೆರೆದು ನೋಡುವಂತೆ ಇದೂ ಒಂದು ಪರಿಚಯದ ಕ್ರಮ.

ಎರಡನೆಯದು ಆಹಾರ. ಮುಂದಿಟ್ಟ ಸೊಪ್ಪನ್ನು ಮೊದಲು ನೆಕ್ಕಿ, ಆಮೇಲೆ ತಿನ್ನುವುದು ಅಥವಾ ಬಿಡುವುದು.

ಮೂರನೆಯದು ನೀರು. ಒಣನಾಡಿನ ಈ ಪ್ರಾಣಿಯು ಬಟ್ಟಲಿನಲ್ಲಿ ನಿಂತ ನೀರನ್ನು ಅನೇಕ ವೇಳೆ ಗಮನಿಸುವುದೇ ಇಲ್ಲ. ಎಲೆಯ ಮೇಲೆಯೋ ಗಾಜಿನ ಮೇಲೆಯೋ ಹೊಳೆಯುವ ಹನಿಗಳನ್ನು ನೆಕ್ಕಿ ಕುಡಿಯುವುದು. ತವರಿನಲ್ಲಿ ಮಳೆ ಬಂದಾಗ ಹಿಂಭಾಗವನ್ನು ಎತ್ತಿ, ತಲೆಯನ್ನು ತಗ್ಗಿಸಿ ನಿಂತು, ಮೈಮೇಲಿಂದ ಮೂತಿಯ ಕಡೆಗೆ ಹರಿದುಬರುವ ನೀರನ್ನು ನೆಕ್ಕುವುದನ್ನು ನೋಡಿದವರು ಬರೆದಿಟ್ಟಿರುವರು. ಆದುದರಿಂದ ಪೆಟ್ಟಿಗೆಯ ಗಾಜನ್ನು ನೆಕ್ಕುವ ಓತಿಗೆ ಬಾಯಾರಿಕೆಯೋ ಎಂದು ಮೊದಲು ವಿಚಾರಿಸತಕ್ಕದ್ದು.

ನಾಲ್ಕನೆಯದು ಸ್ವಜಾತಿಯ ಗುರುತು. ಈ ಓತಿಗಳ ತೊಡೆಯ ಕೆಳಬದಿಯಲ್ಲಿ ಸಾಲಾಗಿ ಸಣ್ಣ ರಂಧ್ರಗಳಿವೆ. ಗಂಡಿನಲ್ಲಿ ಇವು ಎದ್ದು ಕಾಣುವುವು. ಅವುಗಳಿಂದ ಮೇಣದಂಥ ಒಂದು ಪದಾರ್ಥವು ಹೊರಡುವುದು. ಒಂದು ಪ್ರಾಣಿಯು ಹಾದುಹೋದ ಕಲ್ಲನ್ನು ಇನ್ನೊಂದು ನೆಕ್ಕಿ ನೋಡುವುದುಂಟು.

ಐದನೆಯದು ನಮ್ಮ ಕೈ. ಕೈಯೆಂದರೆ ಓತಿಗೆ ಬೆಚ್ಚಗಿರುವ ಒಂದು ಹೊಸ ನೆಲ. ಅದರ ಮೇಲೆ ಬೆವರಿನ ಉಪ್ಪು, ಸಾಬೂನಿನ ಕಂಪು, ಆಗತಾನೆ ಮುಟ್ಟಿದ ಹಣ್ಣಿನ ವಾಸನೆ, ಬೆಕ್ಕು ನಾಯಿಗಳ ವಾಸನೆ ಎಲ್ಲವೂ ಇರುವುವು. ಅವನ್ನೆಲ್ಲಾ ಓದಿ ನೋಡುವ ಕುತೂಹಲದಿಂದಲೇ ಅದು ನೆಕ್ಕುವುದು.

5. ಹಾಗಾದರೆ ಪ್ರೀತಿಯೋ?

ಈಗ ಮಗುವಿನ ಪ್ರಶ್ನೆಗೆ ಹಿಂದಿರುಗೋಣ. ಕರುವಿಗೆ ತಾಯಿಯ ನಾಲಗೆಯೇ ಲೋಕದ ಮೊದಲ ಸ್ಪರ್ಶ. ನಾಯಿಮರಿ ಬೆಕ್ಕಿನಮರಿಗಳಿಗೂ ಹಾಗೆಯೇ. ನೆಕ್ಕಿಸಿಕೊಂಡು ಬೆಳೆದ ಪ್ರಾಣಿಯು ನೆಕ್ಕುವುದರಲ್ಲಿ ಮಮತೆಯ ಅರ್ಥವನ್ನು ಕಂಡರೆ ಆಶ್ಚರ್ಯವೇನಿಲ್ಲ. ಗಡ್ಡದ ಓತಿಯ ಬಾಲ್ಯವನ್ನು ನೋಡಿರಿ. ತಾಯಿಯು ನೆಲದಲ್ಲಿ ಗುಂಡಿ ತೋಡಿ, ಒಂದು ಸಲಕ್ಕೆ ಇಪ್ಪತ್ತರ ಆಸುಪಾಸಿನಲ್ಲಿ ಮೊಟ್ಟೆಗಳನ್ನಿಟ್ಟು, ಮಣ್ಣು ಮುಚ್ಚಿ ಹೊರಟುಹೋಗುವುದು. ಸುಮಾರು ಎರಡು ತಿಂಗಳ ತರುವಾಯ ಮರಿಗಳು ಮೊಟ್ಟೆಯನ್ನು ಸೀಳಿ, ಮಣ್ಣನ್ನು ತೂರಿ ಹೊರಗೆ ಬರುವಾಗ ಅಲ್ಲಿ ತಾಯಿಯೂ ಇಲ್ಲ, ತಂದೆಯೂ ಇಲ್ಲ. ಅಂದಿನಿಂದಲೇ ತಮ್ಮ ಅನ್ನವನ್ನು ತಾವೇ ಹುಡುಕಿಕೊಳ್ಳಬೇಕು. ಅವುಗಳ ಬಾಳಿನಲ್ಲಿ ತಾಯಿಯ ನಾಲಗೆಯ ಸ್ಪರ್ಶವೆಂಬುದೇ ಇಲ್ಲ. ಇಂಥ ಪ್ರಾಣಿಯ ನೆಕ್ಕುವಿಕೆಯನ್ನು ಮುತ್ತೆಂದು ತಿಳಿಯುವುದು ನಮ್ಮ ಮನೆಯ ರೂಢಿಯನ್ನು ಅದರ ಮೇಲೆ ಹೊರಿಸಿದಂತಾಗುವುದು.

ಹೀಗೆಂದ ಮಾತ್ರಕ್ಕೆ ಅದು ಮಂಕಾದ ಪ್ರಾಣಿಯೆಂದು ಭಾವಿಸಕೂಡದು. ಇಂಗ್ಲೆಂಡಿನ ಲಿಂಕನ್ ವಿಶ್ವವಿದ್ಯಾಲಯದ ಅನ್ನಾ ವಿಲ್ಕಿನ್ಸನ್ ಎಂಬ ವಿದುಷಿಯೂ ಅವರ ಜೊತೆಗಾರರೂ ನಡೆಸಿದ ಒಂದು ಪರೀಕ್ಷೆಯು 2014ರಲ್ಲಿ ಪ್ರಕಟವಾಯಿತು. ಒಂದು ಗಡ್ಡದ ಓತಿಗೆ ಪಕ್ಕಕ್ಕೆ ಸರಿಯುವ ತಂತಿಯ ಬಾಗಿಲನ್ನು ತೆರೆದು ಆಹಾರವನ್ನು ಪಡೆಯಲು ಕಲಿಸಲಾಯಿತು. ಅದು ತೆರೆಯುವುದನ್ನು ನೋಡಿದ ಬೇರೆ ಓತಿಗಳು ತಾವೂ ಹಾಗೆಯೇ ತೆರೆದುವು. ನೋಡದೆ ಇದ್ದ ಓತಿಗಳು ತೆರೆಯಲಿಲ್ಲ. ನೋಡಿ ಕಲಿಯುವ ಶಕ್ತಿಯು ಈ ಪ್ರಾಣಿಗೆ ಉಂಟೆಂಬುದು ಇದರಿಂದ ಸಿದ್ಧವಾಯಿತು. ದಿನವೂ ಮೆಲ್ಲಗೆ ಎತ್ತಿಕೊಂಡು ಅನ್ನವಿಡುವ ಕೈಗೆ ಅದು ಒಗ್ಗಿಕೊಂಡು ಹೆದರದಿರುವುದೂ ನಿಜ. ಆದರೆ ಆ ವಿಶ್ವಾಸದ ಗುರುತನ್ನು ಬೇರೆ ಕಡೆ ನೋಡಬೇಕು: ಗಡ್ಡವನ್ನು ಕಪ್ಪಾಗಿಸದೆ, ಮೈಯನ್ನು ಬಿಗಿಹಿಡಿಯದೆ, ಓಡಿಹೋಗಲು ಹವಣಿಸದೆ ನಮ್ಮ ಬಳಿಯಲ್ಲಿ ಸುಮ್ಮನೆ ಕುಳಿತಿರುವುದೇ ಆ ಗುರುತು.

ಮಕ್ಕಳು ತಪ್ಪಾಗಿ ಓದುವ ಮತ್ತೊಂದು ಸಂಜ್ಞೆಯೂ ಇದೆ. ಈ ಓತಿಯು ಕೆಲವು ಸಲ ಒಂದು ಮುಂಗಾಲನ್ನೆತ್ತಿ ಗಾಳಿಯಲ್ಲಿ ನಿಧಾನವಾಗಿ ಬೀಸುವುದು. ಕೈಬೀಸಿ ಕರೆಯುತ್ತಿದೆಯೆಂದು ಮಕ್ಕಳು ನಗುವರು. ಸ್ವಜಾತಿಯಲ್ಲಿ ಅದು ಚಿಕ್ಕದು ದೊಡ್ಡದರ ಮುಂದೆ ತೋರುವ ವಿಧೇಯತೆಯ ಗುರುತು. “ನಾನು ನಿನಗೆ ಎದುರಾಳಿಯಲ್ಲ, ನನ್ನನ್ನು ಬಿಡು” ಎಂಬುದಕ್ಕೆ ಸಮಾನ. ಅದನ್ನು ಕಂಡಾಗ ಮಗುವು ಇನ್ನೂ ಹತ್ತಿರಕ್ಕೆ ನುಗ್ಗುವ ಬದಲು ಒಂದು ಹೆಜ್ಜೆ ಹಿಂದಕ್ಕೆ ಸರಿಯುವುದೇ ಯೋಗ್ಯ.

6. ನಾಲಗೆಯು ಅರಿಯದ ವಿಷ

ಇಷ್ಟು ನಿಪುಣವಾದ ನಾಲಗೆಯಿದ್ದ ಮೇಲೆ ಪ್ರಾಣಿಯು ತನ್ನ ಒಳಿತು ಕೆಡುಕುಗಳನ್ನು ತಾನೇ ನೋಡಿಕೊಳ್ಳಲಾರದೋ ಎಂದು ಕೆಲವರು ಕೇಳಬಹುದು. ಇದಕ್ಕೆ ಉತ್ತರವಾಗಿ ಒಂದು ದುಃಖಕರವಾದ ಸಂಗತಿಯನ್ನು ಹೇಳಬೇಕಾಗಿದೆ. ಅಮೇರಿಕಾದಲ್ಲಿ ‘ಫೋಟಿನಸ್’ ಎಂಬ ಜಾತಿಯ ಮಿಂಚುಹುಳುಗಳಿವೆ. ಅವುಗಳ ಮೈಯಲ್ಲಿ ಕಪ್ಪೆಯ ವಿಷವನ್ನು ಹೋಲುವ ಒಂದು ವಿಷವುಂಟು. ಅಲ್ಲಿಯ ಸಾಕಿದ ಗಡ್ಡದ ಓತಿಗಳು ಈ ಹುಳುವನ್ನು ನುಂಗಿ, ಬಾಯಿ ತೆರೆದು ತಲೆ ಕೊಡವುತ್ತಾ, ಸ್ವಲ್ಪ ಹೊತ್ತಿನಲ್ಲಿಯೇ ಸತ್ತುಹೋದ ವೃತ್ತಾಂತವನ್ನು ಶಾಸ್ತ್ರಜ್ಞರು 1999ರಲ್ಲಿ ಪ್ರಕಟಿಸಿದರು. ಒಂದೇ ಒಂದು ಹುಳುವೂ ಪ್ರಾಣಾಂತಿಕವಾಗಬಲ್ಲದು. ಆ ಹುಳುಗಳು ಆಸ್ಟ್ರೇಲಿಯಾದ ಒಣನಾಡಿನವಲ್ಲ. ಪೂರ್ವಿಕರು ಎಂದೂ ಕಾಣದ ಹಗೆಯನ್ನು ಗುರುತಿಸುವ ವಿದ್ಯೆಯು ಮರಿಗೆ ಎಲ್ಲಿಂದ ಬರಬೇಕು?

ಯೋಚಿಸತಕ್ಕ ಮಾತು ಇದೇ. ನಾಲಗೆಯು ತವರಿನ ಪಾಠವನ್ನು ಬಲ್ಲದು. ಪರದೇಶದ ಪಾಠವನ್ನು ಅರಿಯದು. ಯಾವ ದಿನ ನಾವು ಆ ಪ್ರಾಣಿಯನ್ನು ಗಾಜಿನ ಪೆಟ್ಟಿಗೆಯಲ್ಲಿಟ್ಟೆವೋ ಆ ದಿನದಿಂದ ಅದರ ನಾಲಗೆಯು ಕೇಳುವ ಪ್ರಶ್ನೆಗಳಿಗೆಲ್ಲಾ ನಾವೇ ಹೊಣೆಗಾರರು. ಬಯಲಿನಿಂದ ಹಿಡಿದ ಹುಳುಗಳನ್ನೂ ಔಷಧಿ ಸಿಂಪಡಿಸಿದ ತೋಟದ ಸೊಪ್ಪನ್ನೂ ಅದರ ಮುಂದಿಡಬಾರದು. ಸೊಳ್ಳೆಯ ಎಣ್ಣೆ, ಅತ್ತರು, ಮುಖಕ್ಕೆ ಹಚ್ಚುವ ಲೇಪಗಳಿರುವ ಕೈಯಿಂದ ಅದನ್ನು ಎತ್ತಬಾರದು. ನಾವು ಹಚ್ಚಿಕೊಂಡದ್ದೆಲ್ಲವೂ ಅದರ ಬಾಯಿಗೆ ಹೋಗುವುದು. ಸಣ್ಣ ಮರಳನ್ನು ನೆಲಕ್ಕೆ ಹಾಸಿದರೆ ನೆಕ್ಕುವಾಗಲೂ ತಿನ್ನುವಾಗಲೂ ಮರಳು ಹೊಟ್ಟೆಗೆ ಸೇರಿ ಕರುಳು ಕಟ್ಟುವ ಭಯವಿರುವುದು.

7. ರೋಗದ ಸೂಚನೆಗಳು

ಸಾಧಾರಣವಾದ ನೆಕ್ಕುವಿಕೆಯು ಆರೋಗ್ಯದ ಲಕ್ಷಣ. ಚುರುಕಾದ ಪ್ರಾಣಿಯೇ ಸುತ್ತಲನ್ನು ವಿಚಾರಿಸುವುದು. ಆದರೂ ಕೆಲವು ಗುರುತುಗಳನ್ನು ಸಾಕುವವರು ಅರಿತಿರತಕ್ಕದ್ದು. ಓತಿಯು ಯಾವ ವಸ್ತುವನ್ನೂ ಮುಟ್ಟದೆ ತನ್ನ ತುಟಿಗಳನ್ನೇ ಪದೇ ಪದೇ ಸವರಿಕೊಳ್ಳುತ್ತಿದ್ದು, ಅದರೊಡನೆ ಬಾಯಿಯ ಅಂಚು ಊದಿಕೊಂಡೋ ಕೆಂಪಾಗಿಯೋ ಇದ್ದರೆ, ಅಂಟುಲೋಳೆ ಸುರಿಯುತ್ತಿದ್ದರೆ, ಆಹಾರವನ್ನು ಬಿಟ್ಟಿದ್ದರೆ, ಅದು ಬಾಯಿಹುಣ್ಣಿನ ಚಿಹ್ನೆಯಾಗಿರಬಹುದು. ದವಡೆಯು ಮೆತ್ತಗಾಗಿ ಕಾಲುಗಳು ನಡುಗುತ್ತಿದ್ದರೆ ಮೂಳೆಯ ರೋಗವೆಂದು ಸಂಶಯಪಡಬೇಕು. ಆಹಾರದಲ್ಲಿ ಸುಣ್ಣದ ಸತ್ವವು ಸಾಲದೆ, ಬಿಸಿಲಿನಲ್ಲಿರುವ ಅತಿನೇರಳೆ ಕಿರಣಗಳು ಮೈಗೆ ತಾಗದೆ ಹೋದರೆ ಈ ರೋಗವುಂಟಾಗುವುದು. ಕಿಟಕಿಯ ಗಾಜಿನ ಮೂಲಕ ಬರುವ ಬಿಸಿಲಿನಿಂದ ಈ ಪ್ರಯೋಜನವಿಲ್ಲ. ಬೇಕಾದ ಕಿರಣಗಳನ್ನು ಗಾಜು ತಡೆದುಬಿಡುವುದು. ಆದುದರಿಂದಲೇ ಅದಕ್ಕೆಂದು ಮಾಡಿದ ದೀಪವನ್ನು ಪೆಟ್ಟಿಗೆಯಲ್ಲಿ ಇಡುವರು.

ಬಿಸಿ ದೀಪದ ಕೆಳಗೆ ಬಾಯಿ ತೆರೆದು ಕುಳಿತಿರುವುದು ರೋಗವಲ್ಲ. ಮೈಯ ಕಾವು ಹೆಚ್ಚಿದಾಗ ಅದನ್ನು ಕಡಮೆ ಮಾಡಿಕೊಳ್ಳುವ ಕ್ರಮವದು. ಬಿಸಿಲು ಕಾಯುವ ಸ್ಥಳವು ಸುಮಾರು 40 ಡಿಗ್ರಿ ಸೆಂಟಿಗ್ರೇಡಿನಷ್ಟು ಬಿಸಿಯಾಗಿಯೂ, ಪೆಟ್ಟಿಗೆಯ ಇನ್ನೊಂದು ಬದಿಯು ತಂಪಾಗಿಯೂ ಇದ್ದರೆ ಪ್ರಾಣಿಯು ತನಗೆ ಬೇಕಾದ ಕಡೆಗೆ ಹೋಗುವುದು. ತಂಪಾದ ಬದಿಯಲ್ಲಿಯೂ ಬಾಯಿ ತೆರೆದು ಉಸಿರಿನಲ್ಲಿ ಶಬ್ದ ಮಾಡುತ್ತಿದ್ದರೆ ಮಾತ್ರ ತಡಮಾಡದೆ ಪಶುವೈದ್ಯರಲ್ಲಿಗೆ ಒಯ್ಯಬೇಕು.

8. ಮಗುವಿನ ಕೈ

ಇನ್ನು ತಾಯಂದಿರು ವಿಶೇಷವಾಗಿ ಗಮನಿಸತಕ್ಕ ಸಂಗತಿ. ಸರೀಸೃಪಗಳ ಕರುಳಿನಲ್ಲಿ ‘ಸಾಲ್ಮೊನೆಲ್ಲಾ’ ಎಂಬ ಸೂಕ್ಷ್ಮಜೀವಿಗಳು ಇರುವುದು ಸಾಮಾನ್ಯ. ಅವುಗಳಿಂದ ಪ್ರಾಣಿಗೆ ಯಾವ ತೊಂದರೆಯೂ ಕಾಣದು. ಅದು ಚೊಕ್ಕಟವಾಗಿಯೂ ಗೆಲುವಾಗಿಯೂ ಇರುವುದು. ಆದರೆ ಅವು ಮಲದ ಮೂಲಕ ಅದರ ಚರ್ಮಕ್ಕೂ ಪೆಟ್ಟಿಗೆಗೂ ಅಂಟಿ, ಮಗುವಿನ ಕೈಯಿಂದ ಬಾಯಿಗೆ ಸೇರಿದರೆ ಜ್ವರ, ಹೊಟ್ಟೆನೋವು, ಭೇದಿಗಳನ್ನು ಉಂಟುಮಾಡುವುವು. ಅಮೇರಿಕಾದ ಆರೋಗ್ಯಾಧಿಕಾರಿಗಳು 2014ರಲ್ಲಿ ಪ್ರಕಟಿಸಿದ ಒಂದು ವಿಚಾರಣೆಯಲ್ಲಿ, ಸಾಕಿದ ಗಡ್ಡದ ಓತಿಗಳ ಸಂಬಂಧದಿಂದ 30ಕ್ಕೂ ಹೆಚ್ಚು ಸಂಸ್ಥಾನಗಳಲ್ಲಿ 130ಕ್ಕೂ ಹೆಚ್ಚು ಮಂದಿ ಈ ರೋಗಕ್ಕೆ ಗುರಿಯಾದುದು ಕಂಡುಬಂದಿತು. ಅವರಲ್ಲಿ ಅರ್ಧಕ್ಕಿಂತ ಹೆಚ್ಚಿನವರು ಐದು ವರ್ಷಕ್ಕೆ ಮೀರದ ಮಕ್ಕಳು.

ನೆಕ್ಕುವುದನ್ನು ಮುತ್ತೆಂದು ತಿಳಿದ ಮಗುವು ಮುತ್ತಿಗೆ ಪ್ರತಿಯಾಗಿ ಮುತ್ತಿಡುವುದು ಸಹಜವಷ್ಟೆ? ಅರ್ಥವನ್ನು ತಪ್ಪಾಗಿ ತಿಳಿದುದರ ಫಲವು ಇಲ್ಲಿ ರೋಗವಾಗಿ ಪರಿಣಮಿಸುವುದು. ಆದುದರಿಂದ ಈ ನಿಯಮಗಳನ್ನು ಮನೆಯಲ್ಲಿ ಬಿಡದೆ ನಡಿಸತಕ್ಕದ್ದು. ಪ್ರಾಣಿಯನ್ನಾಗಲಿ ಅದರ ಪಾತ್ರೆಗಳನ್ನಾಗಲಿ ಮುಟ್ಟಿದ ಕೂಡಲೆ ಸಾಬೂನು ಹಚ್ಚಿ ಕೈತೊಳೆಯಬೇಕು. ಅದನ್ನು ಮುಖದ ಹತ್ತಿರ ತರಬಾರದು. ಅದರ ಪೆಟ್ಟಿಗೆಯನ್ನೂ ಪಾತ್ರೆಗಳನ್ನೂ ಅಡಿಗೆಮನೆಯಲ್ಲಿ ತೊಳೆಯಬಾರದು. ಐದು ವರ್ಷ ತುಂಬದ ಮಕ್ಕಳೂ ಮುದುಕರೂ ದೇಹಶಕ್ತಿ ಕುಂದಿದವರೂ ಅದನ್ನು ಮುಟ್ಟದಿರುವುದೇ ಲೇಸು. ಇಷ್ಟು ಎಚ್ಚರದಿಂದಿದ್ದರೆ ಭಯಕ್ಕೆ ಕಾರಣವಿಲ್ಲ. ದೊಡ್ಡ ಮಕ್ಕಳು ನಿಶ್ಚಿಂತೆಯಿಂದ ಅದನ್ನು ಸಾಕಬಹುದು.

9. ನಮ್ಮ ಬೇಲಿಯ ಓತಿ

ಆಸ್ಟ್ರೇಲಿಯಾ ಸರಕಾರವು ತನ್ನ ನಾಡಿನ ಸರೀಸೃಪಗಳನ್ನು ಜೀವಂತವಾಗಿ ವ್ಯಾಪಾರಕ್ಕೆಂದು ಹೊರದೇಶಕ್ಕೆ ಕಳುಹಿಸಗೊಡುವುದಿಲ್ಲ. ಆ ದೇಶದೊಳಗೂ, ಉದಾಹರಣೆಗೆ ನ್ಯೂ ಸೌತ್ ವೇಲ್ಸ್ ಪ್ರಾಂತದಲ್ಲಿ, ಇದನ್ನು ಸಾಕಲು ಪರವಾನಗಿ ಪಡೆಯಬೇಕು. ನಮ್ಮ ದೇಶದಲ್ಲಿ ಉಡವನ್ನು 1972ರ ವನ್ಯಜೀವಿ ಸಂರಕ್ಷಣಾ ಕಾನೂನು ಅತ್ಯಂತ ಬಿಗಿಯಾಗಿ ಕಾಪಾಡಿದೆ. ಅದನ್ನು ಹಿಡಿಯುವುದು ದೊಡ್ಡ ಅಪರಾಧ. ಆದಕಾರಣ ಈ ಪಾಠವನ್ನು ಓದಿದ ಮಕ್ಕಳು ಬೇಲಿಯ ಓತಿಯನ್ನು ಹಿಡಿದು ಡಬ್ಬಿಯಲ್ಲಿಡಲು ಹೊರಡಕೂಡದು. ನೋಡಿ ಕಲಿಯುವುದಕ್ಕೆ ಹಿಡಿಯಬೇಕಾದ ಅಗತ್ಯವಿಲ್ಲ.

ನಮ್ಮಲ್ಲಿ ಬಡಪಾಯಿ ಓತಿಗೆ ತಪ್ಪು ಅರ್ಥದಿಂದಾದ ಕಷ್ಟವು ಸ್ವಲ್ಪವಲ್ಲ. ಗಂಡೋತಿಯು ಹೆಣ್ಣನ್ನು ಒಲಿಸಲೂ ಎದುರಾಳಿಯನ್ನು ಗದರಿಸಲೂ ತಲೆಯಾಡಿಸಿದರೆ, ತಮ್ಮನ್ನು ಅಣಕಿಸಿತೆಂದು ಹುಡುಗರು ಕಲ್ಲೆಸೆಯುವರು. ಸಂತಾನಕಾಲದಲ್ಲಿ ಅದರ ಗಂಟಲು ಕೆಂಪಾದರೆ, ರಕ್ತ ಹೀರಿತೆಂದು ಹೆದರುವವರೂ ಇರುವರು. ‘ಓತಿಕೇತನಿಗೆ ಬೇಲಿಗೂಟ ಸಾಕ್ಷಿ’ ಎಂದು ಗಾದೆ ಹೇಳುವುದು. ಪಾಪ, ಕಲ್ಲೇಟು ಬೀಳುವಾಗ ಆ ಗೂಟವೂ ಅದರ ಪರವಾಗಿ ಸಾಕ್ಷಿ ನುಡಿಯುವುದಿಲ್ಲ. ದೂರದೇಶದ ಓತಿಗೆ ಇಲ್ಲದ ಪ್ರೀತಿಯನ್ನು ಹಚ್ಚುವುದೂ ಮನೆಯ ಬೇಲಿಯ ಓತಿಗೆ ಇಲ್ಲದ ದ್ವೇಷವನ್ನು ಹಚ್ಚುವುದೂ ಒಂದೇ ಬಗೆಯ ಅಜ್ಞಾನದ ಎರಡು ಮುಖಗಳು. ಒಂದರಿಂದ ಮಗುವಿಗೆ ರೋಗ ಬರಬಹುದು. ಇನ್ನೊಂದರಿಂದ ನಿರಪರಾಧಿಯಾದ ಪ್ರಾಣಿಯು ಸಾಯುವುದು.

ಹಾಗಾದರೆ ತಾಯಿಯು ಮಗುವಿಗೆ ಹೇಳತಕ್ಕ ಉತ್ತರವೇನು? “ಮಗೂ, ಅದು ನಿನ್ನನ್ನು ಯಾರೆಂದು ಕೇಳುತ್ತಿದೆ. ನೀನು ಮೆಲ್ಲಗೆ ಹಿಡಿದು, ಶುದ್ಧವಾದ ಕೈಯಿಂದ ಅನ್ನವಿಟ್ಟು, ಹೆದರಿಸದೆ ಇದ್ದರೆ, ಅದು ತನ್ನ ಉತ್ತರವನ್ನು ತಾನೇ ತಿಳಿದುಕೊಳ್ಳುವುದು. ಈಗ ಹೋಗಿ ಕೈ ತೊಳೆದುಕೊಂಡು ಬಾ.” ಇಷ್ಟು ಸಾಕು. ಪ್ರೀತಿಸುವ ಕೆಲಸವನ್ನು ಪ್ರಾಣಿಗೆ ಹೊರಿಸದೆ ತಾನು ವಹಿಸಿಕೊಂಡ ಮಗುವು ನಿಜವಾಗಿ ಒಂದು ಪಾಠವನ್ನು ಕಲಿತಂತಾಯಿತು.

ಮನೆಯಲ್ಲಿ ನೋಡಿ ಬರೆಯತಕ್ಕ ಪ್ರಶ್ನೆಗಳು

(1) ನಿಮ್ಮ ತೋಟದ ಓತಿಯನ್ನು ಹತ್ತು ಹೆಜ್ಜೆ ದೂರದಿಂದ ಕಾಲು ಗಂಟೆ ನೋಡಿರಿ. ಅದು ಎಷ್ಟು ಸಲ ನಾಲಗೆಯಿಂದ ಕೊಂಬೆಯನ್ನು ಮುಟ್ಟಿತು? ಎಷ್ಟು ಸಲ ಹುಳು ಹಿಡಿಯಿತು? ಎರಡರ ವೇಗದಲ್ಲಿ ಭೇದವೇನು?

(2) ರಾತ್ರಿ ದೀಪದ ಬಳಿಯಿರುವ ಹಲ್ಲಿಯು ತನ್ನ ಕಣ್ಣನ್ನು ಯಾವಾಗ ನೆಕ್ಕಿಕೊಳ್ಳುವುದು? ಹುಳು ತಿಂದ ಮೇಲೆಯೋ, ಅದಕ್ಕೆ ಮೊದಲೋ?

(3) ಹಸು ಕರುವನ್ನು ನೆಕ್ಕುವುದಕ್ಕೂ ಗಡ್ಡದ ಓತಿಯು ಕೈಯನ್ನು ನೆಕ್ಕುವುದಕ್ಕೂ ಇರುವ ವ್ಯತ್ಯಾಸವನ್ನು ಐದು ವಾಕ್ಯಗಳಲ್ಲಿ ವಿವರಿಸಿರಿ.